ಪರದೆಯ ಮುಂದೆ ನಿಂತವರ ಬರವಣಿಗೆ

ನಗಿಸಿ ಹೆಸರಾದ ನಟ ಒಂದು ದಿನ ಕಣ್ಣೀರು ತರಿಸುವ ಪಾತ್ರ ಮಾಡಿದರೆ ನಾವು ಹುಬ್ಬೇರಿಸುತ್ತೇವೆ. ಅವನೇ ನಾಟಕವನ್ನೋ ಸಿನಿಮಾದ ಸಂಭಾಷಣೆಯನ್ನೋ ಬರೆದರೆ ನಮ್ಮ ಬೆರಗು ಇನ್ನೂ ಹೆಚ್ಚು. ತಮಾಷೆ ಮಾಡಿಕೊಂಡಿದ್ದವನು ಇಷ್ಟು ದೂರ ಹೇಗೆ ಬಂದ ಎಂದು ಕೇಳುತ್ತೇವೆ. ಪ್ರಶ್ನೆಯಲ್ಲೇ ಒಂದು ತಪ್ಪು ಕಲ್ಪನೆ ಅಡಗಿದೆ. ಹಾಸ್ಯ ಕೆಳಗಿನ ಮೆಟ್ಟಿಲು, ಗಂಭೀರ ಅಭಿನಯ ಅದರ ಮೇಲಿನದು, ಬರವಣಿಗೆ ಎಲ್ಲಕ್ಕಿಂತ ಮೇಲಿನದು ಎಂದು ನಾವು ಹೇಗೋ ನಂಬಿಬಿಟ್ಟಿದ್ದೇವೆ. ರಂಗದ ಮೇಲೆ ನಗಿಸುವ ಕೆಲಸವನ್ನು ಹತ್ತಿರದಿಂದ ನೋಡಿದರೆ ಬರವಣಿಗೆ ಅದರೊಳಗೇ ಇರುವುದು ಕಾಣುತ್ತದೆ. ಇದನ್ನು ತಿಳಿಯಲು ತುಮಕೂರು ಸೀಮೆಗಿಂತ ಒಳ್ಳೆಯ ಜಾಗ ಕನ್ನಡನಾಡಿನಲ್ಲಿ ಸಿಗುವುದು ಕಷ್ಟ.

ತುಮಕೂರಿನಿಂದ ಸುಮಾರು 20 ಕಿಲೋಮೀಟರ್ ದೂರದ ಗುಬ್ಬಿಯಲ್ಲಿ 1884ರಲ್ಲಿ ಒಂದು ನಾಟಕ ಕಂಪನಿ ಹುಟ್ಟಿತು. ಊರಿನ ವರ್ತಕ ಚಂದಣ್ಣ, ಅವರ ಗೆಳೆಯ ಅಬ್ದುಲ್ ಅಜೀಜ್ ಸಾಹೇಬರು ಮುಂತಾದವರು ಸೇರಿ ಕಟ್ಟಿದ ಕಂಪನಿ ಅದು. ಊರ ದೈವ ಚನ್ನಬಸವೇಶ್ವರನ ಹೆಸರನ್ನೇ ಅದಕ್ಕಿಟ್ಟರು. ಹಂಪಣ್ಣನವರ ಮಗ ವೀರಣ್ಣ ಹುಟ್ಟಿದ್ದು 1891ರಲ್ಲಿ. ಆರು ವರ್ಷದ ಆಸುಪಾಸಿನಲ್ಲೇ ಬಾಲನಟನಾಗಿ ಕಂಪನಿ ಸೇರಿದ ಆ ಹುಡುಗ ಮುಂದೆ ಅದರ ಹಾಸ್ಯನಟನಾದ, ಮಾಲೀಕನಾದ, ಕನ್ನಡ ಚಿತ್ರರಂಗದ ಮೊದಲ ಸಾಹಸಿಗಳಲ್ಲಿ ಒಬ್ಬನಾದ. ಕಡೆಗೆ ‘ಕಲೆಯೇ ಕಾಯಕ’ ಎಂಬ ಆತ್ಮಕಥೆಯನ್ನೂ ಕೊಟ್ಟ. 1972ರಲ್ಲಿ ಪದ್ಮಶ್ರೀ ಬಂತು. ಅದೇ ವರ್ಷ ಅಕ್ಟೋಬರ್ 18ರಂದು ಅವರು ತೀರಿಕೊಂಡರು.

ಈ ಬದುಕನ್ನು ಹೀಗೆ ನಾಲ್ಕು ಸಾಲಿನಲ್ಲಿ ಹೇಳಿದರೆ ಹಾಸ್ಯನಟನಾಗಿದ್ದದ್ದು ದಾಟಿ ಬಂದ ಒಂದು ಘಟ್ಟದಂತೆ ಕಾಣುತ್ತದೆ. ವೀರಣ್ಣನವರು ಅದನ್ನು ದಾಟಿ ಹೋದವರಲ್ಲ. ಮೈಸೂರು ಸಂಸ್ಥಾನದ ಕಾಲದಲ್ಲಿ ಅವರ ಹೆಸರಿನ ಹಿಂದೆ ‘ವರ್ಸಟೈಲ್ ಕಮೆಡಿಯನ್’ ಎಂಬ ಬಿರುದು ಇತ್ತು. ನಾಟಕರತ್ನರೆನಿಸಿದ ಮೇಲೂ, ನೂರಾರು ಜನರಿಗೆ ಅನ್ನ ಹಾಕುವ ಯಜಮಾನರಾದ ಮೇಲೂ, ‘ಸದಾರಮೆ’ಯ ಕಳ್ಳನ ಪಾತ್ರಕ್ಕೆ ಅವರೇ ಬೇಕಿತ್ತು. ಸದಾರಮೆಯ ಕಥೆ ರಾಜಕುಮಾರ ಮತ್ತು ಅವನ ಹೆಂಡತಿಯದು. ಲೆಕ್ಕಕ್ಕೆ ನೋಡಿದರೆ ಕಳ್ಳ ನಡುವೆ ಬಂದು ಹೋಗುವವನು. ಆದರೆ ಆ ನಾಟಕದ ಮಾತು ಬಂದಾಗ ಹಳೆಯ ಪ್ರೇಕ್ಷಕರು ನೆನೆಯುತ್ತಿದ್ದದ್ದು ವೀರಣ್ಣನವರ ಕಳ್ಳನನ್ನು. ಸಣ್ಣ ಪಾತ್ರ ಅಷ್ಟು ದೊಡ್ಡದಾದದ್ದು ಹೇಗೆ ಎಂದು ತಿಳಿಯಬೇಕಾದರೆ ಕಂಪನಿ ನಾಟಕದ ಒಂದು ರಾತ್ರಿ ಹೇಗೆ ನಡೆಯುತ್ತಿತ್ತು ಎಂದು ತಿಳಿಯಬೇಕು.

ಕಂಪನಿ ಒಂದು ಊರಿನಲ್ಲಿ ಕ್ಯಾಂಪ್ ಹಾಕಿತೆಂದರೆ ಜನ ಬರುತ್ತಿರುವವರೆಗೂ ಅಲ್ಲೇ ಠಿಕಾಣಿ. ನಾಟಕ ರಾತ್ರಿ ಊಟದ ಹೊತ್ತಿಗೆ ಶುರುವಾಗಿ ಬೆಳಗಿನ ಜಾವದವರೆಗೂ ನಡೆಯುತ್ತಿತ್ತು. ನೆಲ, ಬೆಂಚು, ಕುರ್ಚಿ ಎಂದು ಟಿಕೆಟ್ಟಿನಲ್ಲಿ ದರ್ಜೆಗಳಿದ್ದವು. ಅರಮನೆ, ಕಾಡು, ಕೈಲಾಸ ಎಲ್ಲವೂ ಬಣ್ಣ ಬಳಿದ ಪರದೆಗಳು ಮತ್ತು ಮರದ ಚೌಕಟ್ಟುಗಳು. ದರ್ಬಾರು ಮುಗಿದು ಕಾಡು ಬರಬೇಕಾದರೆ ಹಿಂದೆ ಹತ್ತಾರು ಕೈಗಳು ಸಿಂಹಾಸನ ಎತ್ತಬೇಕು, ಮರ ನಿಲ್ಲಿಸಬೇಕು, ದೀಪ ಬದಲಿಸಬೇಕು. ಅಷ್ಟು ಹೊತ್ತು ಪ್ರೇಕ್ಷಕ ಸುಮ್ಮನೆ ಕೂರಬಾರದು. ಅದಕ್ಕೆ ಮುಂದುಗಡೆ ಬೀದಿಯ ಚಿತ್ರವಿದ್ದ ಒಂದು ಪರದೆ ಇಳಿಯುತ್ತಿತ್ತು, ಅದರ ಮುಂದಿನ ಇಕ್ಕಟ್ಟಾದ ಜಾಗಕ್ಕೆ ಹಾಸ್ಯಗಾರ ಬರುತ್ತಿದ್ದ.

ಅವನ ಪರಿಸ್ಥಿತಿಯನ್ನು ಯೋಚಿಸಿ. ರಾಜಪಾತ್ರದವನಿಗೆ ಕಿರೀಟವಿದೆ, ಕಂದಪದ್ಯವಿದೆ, ಕಾಲುಪೆಟ್ಟಿಗೆಯ ಶ್ರುತಿಯಿದೆ, ಕವಿ ಬರೆದುಕೊಟ್ಟ ಮಾತಿದೆ, ಹಿಂದೆ ಭವ್ಯ ಸೀನರಿಯಿದೆ. ಹಾಸ್ಯಗಾರನ ಬೆನ್ನಿಗೆ ಒಂದು ಪರದೆ. ದೃಶ್ಯ ಎಷ್ಟು ಹೊತ್ತು ನಡೆಯಬೇಕೆಂಬುದೂ ಅವನಿಗೆ ಗೊತ್ತಿಲ್ಲ. ಹಿಂದೆ ಮರ ನಿಲ್ಲಿಸುವುದು ತಡವಾದರೆ ಅವನು ಮಾತು ಬೆಳೆಸಬೇಕು, ಬೇಗ ಮುಗಿದರೆ ಮೊಟಕುಗೊಳಿಸಬೇಕು. ನೆಲದವರು ನಕ್ಕು ಕುರ್ಚಿಯವರು ಸುಮ್ಮನಿದ್ದರೆ ಮುಂದಿನ ಮಾತಿನ ದಿಕ್ಕು ತಿರುಗಿಸಬೇಕು. ‘ಒನ್ಸ್ ಮೋರ್’ ಎಂದು ಕೂಗಿದರೆ ಅದೇ ಪ್ರಸಂಗ ಇನ್ನೊಮ್ಮೆ ಹೊಸದಾಗಿ ಕಾಣುವಂತೆ ಮಾಡಬೇಕು. ಅದೇ ಊರಿನ ಅದೇ ಜನ ಮೂರನೆಯ ಸಲವೂ ಟಿಕೆಟ್ ಕೊಂಡು ಬಂದಿದ್ದರೆ ನಿನ್ನೆಯ ಮಾತು ಇವತ್ತು ನಡೆಯುವುದಿಲ್ಲ. ಊರ ಸಂತೆಯಲ್ಲಿ ಏನಾಯಿತು, ಕಚೇರಿಗೆ ಯಾವ ಅಮಲ್ದಾರ ಬಂದ, ಮಳೆ ಯಾಕೆ ಹೋಯಿತು, ಇದೆಲ್ಲ ಅವನಿಗೆ ತಿಳಿದಿರಬೇಕು. ಮಾಸ್ತರು ಬರೆದುಕೊಟ್ಟ ಹಾಸ್ಯದ ಭಾಗ ಒಂದು ಪುಟವಿದ್ದರೆ ಅವನು ಕೈಯಿಂದ ಸೇರಿಸಿದ್ದು ಹತ್ತು ಪುಟ.

ಈ ಸೇರಿಸುವಿಕೆಗೆ ನಾವು ಬರವಣಿಗೆ ಎಂಬ ಗೌರವ ಕೊಟ್ಟಿಲ್ಲ, ಕೊಡಬೇಕು. ಮೊದಲ ಪ್ರದರ್ಶನದಲ್ಲಿ ತೋಚಿದ ಮಾತು ನಗು ತಂದರೆ ಎರಡನೆಯ ದಿನಕ್ಕೆ ಉಳಿಯುತ್ತದೆ. ಮೂರನೆಯ ದಿನ ಅದರ ಬಾಲ ಕತ್ತರಿಸಿ ಹೋಗುತ್ತದೆ. ಹತ್ತನೆಯ ದಿನಕ್ಕೆ ಎಲ್ಲಿ ನಿಲ್ಲಿಸಬೇಕು, ಯಾವ ಪದ ಕೊನೆಗೆ ಬರಬೇಕು, ಎದುರಿನ ಪಾತ್ರಧಾರಿ ಎಷ್ಟು ಹೊತ್ತು ಬಾಯಿ ಬಿಟ್ಟು ನಿಂತಿರಬೇಕು ಎಂಬುದು ಖಚಿತವಾಗಿರುತ್ತದೆ. ಲೇಖಕ ಮೇಜಿನ ಮುಂದೆ ಕೂತು ಕರಡು ತಿದ್ದುವಾಗ ಮಾಡುವುದೂ ಇದನ್ನೇ. ಒಂದೇ ವ್ಯತ್ಯಾಸವೆಂದರೆ ಇಲ್ಲಿ ತಿದ್ದುಪಡಿ ಸೂಚಿಸುವವರು ಐನೂರು ಜನ, ಅದೂ ಕೂಡಲೇ. ಹಾಗೆ ಹದಗೊಂಡ ‘ಸದಾರಮೆ’ಯ ಕಳ್ಳನ ಪ್ರಸಂಗವನ್ನು ವೀರಣ್ಣನವರ ಸ್ವಂತ ಕೃತಿ ಎನ್ನುವುದಕ್ಕೆ ನನಗೆ ಯಾವ ಹಿಂಜರಿಕೆಯೂ ಇಲ್ಲ.

ಇದರ ಬೇರು ಕಂಪನಿಗಿಂತ ಹಳೆಯದು. ತುಮಕೂರು, ಹಾಸನ, ಮಂಡ್ಯದ ಕಡೆಯ ಮೂಡಲಪಾಯ ಯಕ್ಷಗಾನದಲ್ಲಿ ಹನುಮನಾಯಕನೆಂಬ ಪಾತ್ರವಿದೆ. ಒಡ್ಡೋಲಗಕ್ಕೆ ಬಂದ ರಾಜನನ್ನು ಮಾತನಾಡಿಸುವವನು, ಭಾಗವತನ ಜೊತೆ ಕುಚೋದ್ಯ ಮಾಡುವವನು, ಪುರಾಣದ ಕಥೆಯನ್ನು ಹಿಡಿದು ಊರಿನ ಮಾತಿಗೆ ಇಳಿಸುವವನು. ಕರಾವಳಿಯ ಯಕ್ಷಗಾನದ ಹಾಸ್ಯಗಾರನೂ ಇಂಥವನೇ. ಪದ್ಯ ಕವಿಯದು, ಮಾತು ಕಲಾವಿದನದು. ಇಂಥ ಆಟಗಳನ್ನು ರಾತ್ರಿಯಿಡೀ ನೋಡಿ ಬೆಳೆದ ಸೀಮೆಯವರಿಗೆ ಪಾತ್ರಧಾರಿ ತನ್ನ ಮಾತನ್ನು ತಾನೇ ಕಟ್ಟಿಕೊಳ್ಳುವುದು ಹೊಸದೇನಲ್ಲ. ಪಾರ್ಸಿ ಕಂಪನಿಗಳಿಂದ ಪರದೆ, ಯಂತ್ರ, ಟಿಕೆಟ್ಟು ಬಂದವು. ನಗಿಸುವ ಬಾಯಿ ಮಾತ್ರ ಇಲ್ಲಿನದೇ.

ನಮ್ಮ ಸೀಮೆಯಿಂದ ಬಹುದೂರದ ಒಂದು ಉದಾಹರಣೆ ನೋಡೋಣ. ಸ್ಕಾಟ್ಲೆಂಡಿನ ಗ್ಲಾಸ್ಗೋ ನಗರದಲ್ಲಿ 1942ರಲ್ಲಿ ಹುಟ್ಟಿದ ಬಿಲ್ಲಿ ಕಾನೊಲಿ ಕ್ಲೈಡ್ ನದಿಯ ದಂಡೆಯ ಹಡಗುಕಟ್ಟೆಯಲ್ಲಿ ವೆಲ್ಡರ್ ಆಗಿದ್ದವರು. ಬಿಡುವಿನಲ್ಲಿ ಬ್ಯಾಂಜೊ ನುಡಿಸುತ್ತ ಜನಪದ ಹಾಡುಗಾರರಾದರು, ‘ಹಂಬಲ್‌ಬಮ್ಸ್’ ಎಂಬ ತಂಡ ಕಟ್ಟಿದರು. ಹಾಡು ಹಾಡಿನ ನಡುವೆ ಜನರೊಡನೆ ಆಡುತ್ತಿದ್ದ ಮಾತು ಉದ್ದವಾಗುತ್ತ ಹೋಯಿತು, ಕೊನೆಗೆ ಮಾತೇ ಕಾರ್ಯಕ್ರಮವಾಯಿತು. 1975ರಲ್ಲಿ ಬ್ರಿಟನ್ನಿನ ಹೆಸರಾಂತ ದೂರದರ್ಶನ ಸಂದರ್ಶನಕಾರ ಮೈಕೆಲ್ ಪಾರ್ಕಿನ್‌ಸನ್ ಅವರ ಕಾರ್ಯಕ್ರಮದಲ್ಲಿ ಕಾಣಿಸಿಕೊಂಡ ಮೇಲೆ ಇಡೀ ದೇಶ ಅವರನ್ನು ಗುರುತಿಸಿತು. 1997ರ ‘ಮಿಸೆಸ್ ಬ್ರೌನ್’ ಚಿತ್ರದಲ್ಲಿ ವಿಕ್ಟೋರಿಯಾ ರಾಣಿಯಾಗಿ ಜೂಡಿ ಡೆಂಚ್ ಇದ್ದರೆ, ರಾಣಿಯ ನೆಚ್ಚಿನ ಸೇವಕ ಜಾನ್ ಬ್ರೌನ್ ಆಗಿ ಕಾನೊಲಿ. ಅದು ನಗಿಸುವ ಪಾತ್ರವಲ್ಲ. ಪಾರ್ಕಿನ್ಸನ್ ಕಾಯಿಲೆಯಿಂದಾಗಿ ವೇದಿಕೆ ಬಿಟ್ಟ ಮೇಲೆ ಅವರು ಬರವಣಿಗೆಗೆ ತಿರುಗಿದರು. 2019ರಲ್ಲಿ ವೇದಿಕೆಯ ಕಥೆಗಳ ಸಂಕಲನ ಬಂತು, 2021ರಲ್ಲಿ ಆತ್ಮಕಥೆ.

ಗುಬ್ಬಿಯ ಬಾಲನಟನಿಗೂ ಗ್ಲಾಸ್ಗೋದ ವೆಲ್ಡರನಿಗೂ ಸಂಬಂಧವೇನೂ ಇಲ್ಲ. ಆದರೂ ಇಬ್ಬರೂ ನಡೆದದ್ದು ಒಂದೇ ಬಗೆಯ ದಾರಿ. ಅಲ್ಲಿ ಹಾಡು ಹಾಡಿನ ನಡುವೆ, ಇಲ್ಲಿ ಸೀನು ಸೀನಿನ ನಡುವೆ, ಬೇರೆ ಯಾರೂ ತುಂಬದ ಹೊತ್ತನ್ನು ಮಾತಿನಿಂದ ತುಂಬಿಸುತ್ತ ಕಲಿತವರು ಅವರು. ಜನರ ಮುಖ ಓದುತ್ತ ಮಾತಾಡುವವನಿಗೆ ಮನುಷ್ಯ ಸ್ವಭಾವದ ಪಾಠ ತಾನಾಗಿ ಆಗುತ್ತದೆ. ಗಂಭೀರ ಪಾತ್ರಕ್ಕೆ ಬೇಕಾದದ್ದೂ ಅದೇ ಪಾಠ. ಎಷ್ಟು ಹೊತ್ತು ತಡೆದರೆ ನಗು ಬರುತ್ತದೆ ಎಂದು ಬಲ್ಲವನಿಗೆ ಎಷ್ಟು ಹೊತ್ತು ತಡೆದರೆ ಎದೆ ಭಾರವಾಗುತ್ತದೆ ಎಂಬುದೂ ಗೊತ್ತಿರುತ್ತದೆ.

ಇಬ್ಬರ ನಡುವಿನ ಒಂದು ದೊಡ್ಡ ವ್ಯತ್ಯಾಸವನ್ನೂ ಹೇಳಬೇಕು. ಕಾನೊಲಿಯ ಐವತ್ತು ವರ್ಷಗಳ ಮಾತು ಧ್ವನಿಮುದ್ರಿಕೆಗಳಲ್ಲಿದೆ, ದೃಶ್ಯಗಳಲ್ಲಿದೆ, ಪುಸ್ತಕದಲ್ಲಿದೆ. ವೀರಣ್ಣನವರು ರಂಗದ ಮೇಲೆ ರಾತ್ರಿರಾತ್ರಿ ಕಟ್ಟಿದ ಮಾತುಗಳು ಆ ರಾತ್ರಿಗಳ ಜೊತೆಗೇ ಹೋದವು. ಈ ವಿಚಾರಕ್ಕೆ ಮುಂದೆ ಬರುತ್ತೇನೆ.

ವೀರಣ್ಣನವರು 1917ರ ಹೊತ್ತಿಗೆ ಕಂಪನಿಯ ಯಜಮಾನಿಕೆ ವಹಿಸಿಕೊಂಡರು. ಹಾಸ್ಯಗಾರನೊಬ್ಬ ಮಾಲೀಕನಾದರೆ ಏನಾಗುತ್ತದೆ ಎಂಬುದಕ್ಕೆ ಮುಂದಿನ ಮೂರು ದಶಕಗಳೇ ಉತ್ತರ. ಪರದೆಯ ಮುಂದೆ ನಿಂತು ದಿನವೂ ಜನರನ್ನು ನೋಡಿದ್ದವರಿಗೆ ಜನಕ್ಕೆ ಏನು ಬೇಕು ಎಂಬುದು ಅಂಗೈ ಗೆರೆಯಷ್ಟೇ ಸ್ಪಷ್ಟ. ಗಂಡಸರೇ ಸೀರೆ ಉಟ್ಟು ಸ್ತ್ರೀಪಾತ್ರ ಮಾಡುತ್ತಿದ್ದ ಕಾಲದಲ್ಲಿ ಅವರು ನಟಿಯರನ್ನು ರಂಗಕ್ಕೆ ತಂದು ನಿಲ್ಲಿಸಿದರು. ಬಿ. ಜಯಮ್ಮ, ಮಳವಳ್ಳಿ ಸುಂದರಮ್ಮ ಆ ಕಂಪನಿಯ ಹೆಸರುಗಳು. ‘ಕುರುಕ್ಷೇತ್ರ’ಕ್ಕೆ ನಿಜವಾದ ಆನೆ ಕುದುರೆಗಳು ರಂಗಕ್ಕೆ ಬಂದವು. ಮೂಕಿಚಿತ್ರಗಳ ಕಾಲದಲ್ಲೇ ಚಿತ್ರಸಂಸ್ಥೆ ಕಟ್ಟಿ, ಬೆಲ್ಜಿಯಂ ದೇಶದ ರಾಫೆಲ್ ಆಲ್ಗೋಯೆಟ್ ಅವರ ನಿರ್ದೇಶನದಲ್ಲಿ ‘ಹಿಸ್ ಲವ್ ಅಫೇರ್’ ಎಂಬ ಚಿತ್ರ ಮಾಡಿ ಅದರಲ್ಲಿ ನಟಿಸಿದರು. ಆಮೇಲೆ 1935ರಲ್ಲಿ ‘ಸದಾರಮೆ’, 1941ರಲ್ಲಿ ‘ಸುಭದ್ರಾ’, 1942ರಲ್ಲಿ ‘ಜೀವನ ನಾಟಕ’, 1946ರಲ್ಲಿ ‘ಹೇಮರೆಡ್ಡಿ ಮಲ್ಲಮ್ಮ’ ತೆರೆಗೆ ಬಂದವು.

ಆದರೆ ಅವರ ದೊಡ್ಡ ಕೊಡುಗೆ ಚಿತ್ರಗಳಿಗಿಂತ ಅವರ ಕಂಪನಿಯಲ್ಲಿ ಬೆಳೆದ ಮಂದಿ. ಸಿಂಗಾನಲ್ಲೂರು ಪುಟ್ಟಸ್ವಾಮಯ್ಯ ಆ ಕಂಪನಿಯ ನಟರು. ಅವರ ಮಗ ಮುತ್ತುರಾಜ ಮುಂದೆ ರಾಜಕುಮಾರರಾದರು. ಬಾಬುಕೋಡಿಯಿಂದ ಓಡಿಬಂದು ಕಂಪನಿ ಸೇರಿದ ಹುಡುಗ ಬಿ.ವಿ. ಕಾರಂತರನ್ನು ಕಾಶಿಗೆ ಓದಲು ಕಳಿಸಿದವರು ವೀರಣ್ಣನವರೇ. ನಂಜನಗೂಡಿನ ಕಡೆಯ ಜಿ.ವಿ. ಅಯ್ಯರ್ ಎಳೆಯ ವಯಸ್ಸಿನಲ್ಲಿ ಕಂಪನಿ ಸೇರಿ ಬಣ್ಣದ ಕುಂಚ ಹಿಡಿದರು, ಸಣ್ಣಪುಟ್ಟ ಪಾತ್ರ ಮಾಡಿದರು, ಆಮೇಲೆ ಹಾಡು, ಸಂಭಾಷಣೆ ಬರೆಯತೊಡಗಿದರು, ಕೊನೆಗೆ ‘ಹಂಸಗೀತೆ’, ಸಂಸ್ಕೃತದ ‘ಆದಿ ಶಂಕರಾಚಾರ್ಯ’ ನಿರ್ದೇಶಿಸಿದರು. ನಟನೆಯಿಂದ ಲೇಖನಿಗೆ ಹೋದವರಲ್ಲಿ ಅಯ್ಯರ್ ಅವರದು ಎದ್ದು ಕಾಣುವ ಹೆಸರು, ಅವರ ಶಾಲೆ ಗುಬ್ಬಿ ಕಂಪನಿ.

ತಿಪಟೂರಿನಲ್ಲಿ 1923ರಲ್ಲಿ ಹುಟ್ಟಿದ ಟಿ.ಆರ್. ನರಸಿಂಹರಾಜು ಇದೇ ಜಿಲ್ಲೆಯ ಇನ್ನೊಬ್ಬ ನಗೆಯ ದೊರೆ. ಮಾತು ಕಲಿತ ವಯಸ್ಸಿನಲ್ಲೇ ಕಂಪನಿ ನಾಟಕಕ್ಕೆ ಬಂದು, ಎರಡೂವರೆ ದಶಕ ಊರೂರು ತಿರುಗಿದ ಮೇಲೆ ಅವರು ಸಿನಿಮಾಕ್ಕೆ ಬಂದದ್ದು. 1954ರಲ್ಲಿ ವೀರಣ್ಣನವರು ಎ.ವಿ.ಎಂ. ಜೊತೆಗೂಡಿ ತಯಾರಿಸಿದ, ಎಚ್.ಎಲ್.ಎನ್. ಸಿಂಹ ನಿರ್ದೇಶನದ ‘ಬೇಡರ ಕಣ್ಣಪ್ಪ’ದಲ್ಲಿ ರಾಜಕುಮಾರ್ ಕಣ್ಣಪ್ಪ, ಅಯ್ಯರ್ ಅರ್ಚಕ, ಅರ್ಚಕನ ಮಗ ಕಾಶಿ ನರಸಿಂಹರಾಜು. ಆ ಚಿತ್ರ ಮೂಲತಃ ಕಂಪನಿಯ ನಾಟಕ. ತೆರೆಯ ಮೇಲೆ ನರಸಿಂಹರಾಜು ಅವರ ಪ್ರವೇಶಕ್ಕೆ ಒಂದು ಲಯವಿರುತ್ತದೆ. ಎದುರಿನವನ ಮಾತು ಮುಗಿಯುವ ಮುನ್ನವೇ ಅವರ ದೇಹ ಉತ್ತರ ಕೊಟ್ಟಿರುತ್ತದೆ, ಬಾಯಿ ಆಮೇಲೆ. ಕ್ಯಾಮೆರಾದ ಮುಂದೆ ಪ್ರೇಕ್ಷಕನಿರುವುದಿಲ್ಲ, ಎಲ್ಲಿ ನಗು ಬರುತ್ತದೆ ಎಂದು ಊಹಿಸಿ ಅಷ್ಟು ಜಾಗ ಬಿಡಬೇಕು. ಕಾಣದ ಪ್ರೇಕ್ಷಕನ ನಗೆಗೆ ಜಾಗ ಬಿಡುವ ಆ ಅಂದಾಜು ಅವರಿಗೆ ಬಂದದ್ದು ಕಂಪನಿಯ ಸಾವಿರಾರು ರಾತ್ರಿಗಳಿಂದ. 1974ರಲ್ಲಿ ‘ಪ್ರೊಫೆಸರ್ ಹುಚ್ಚೂರಾಯ’ದಲ್ಲಿ ಅವರೇ ನಾಯಕ.

ಇಲ್ಲಿ ಒಂದು ಪ್ರಸಂಗವನ್ನು ವಿಶೇಷವಾಗಿ ನೆನೆಯಬೇಕು. 1960ರ ಹೊತ್ತಿಗೆ ಕನ್ನಡ ಚಿತ್ರ ತಯಾರಿಕೆ ಸೊರಗಿ ಕಲಾವಿದರ ಕೈಗೆ ಕೆಲಸವಿರಲಿಲ್ಲ. ಆಗ ನಾಲ್ವರು ಕಲಾವಿದರ ಸಂಘ ಕಟ್ಟಿಕೊಂಡು ‘ರಣಧೀರ ಕಂಠೀರವ’ ಚಿತ್ರ ಮಾಡಿದರು. ಆ ನಾಲ್ವರು ರಾಜಕುಮಾರ್, ಜಿ.ವಿ. ಅಯ್ಯರ್, ನರಸಿಂಹರಾಜು, ಬಾಲಕೃಷ್ಣ. ಅವರಲ್ಲಿ ಇಬ್ಬರು ಹಾಸ್ಯನಟರು. ಕಿವಿ ಬಹುಪಾಲು ಕೇಳದಿದ್ದರೂ ಎದುರಿನವರ ತುಟಿ ನೋಡಿ ಮಾತಿನ ಸಮಯ ತಪ್ಪದಂತೆ ಅಭಿನಯಿಸಿದ ಬಾಲಕೃಷ್ಣ ಮುಂದೆ ಅಭಿಮಾನ್ ಸ್ಟುಡಿಯೋವನ್ನೂ ಕಟ್ಟಿದರು. ಉದ್ಯಮ ಕುಸಿಯುತ್ತಿದ್ದಾಗ ಹೆಗಲು ಕೊಟ್ಟವರಲ್ಲಿ ಅರ್ಧದಷ್ಟು ಮಂದಿ ನಗಿಸುವವರು ಎಂಬುದು ಆಕಸ್ಮಿಕವೆಂದು ನನಗನಿಸುವುದಿಲ್ಲ. ಕಂಪನಿಯಲ್ಲಿ ಹಾಸ್ಯಗಾರನಿಗೆ ಗಲ್ಲಾಪೆಟ್ಟಿಗೆಯ ಚಿಂತೆ ಮೊದಲಿನಿಂದ ಇರುತ್ತಿತ್ತು. ಆಟ ಬಿದ್ದರೆ ಅದು ಅವನಿಗೇ ಮೊದಲು ಗೊತ್ತಾಗುತ್ತಿತ್ತು.

ತುಮಕೂರು ಜಿಲ್ಲೆಯವರಲ್ಲದಿದ್ದರೂ ಈ ಮಾತಿನಲ್ಲಿ ಮಾಸ್ಟರ್ ಹಿರಣ್ಣಯ್ಯನವರನ್ನು ಬಿಡುವಂತಿಲ್ಲ. 1934ರಲ್ಲಿ ಹುಟ್ಟಿ 2019ರಲ್ಲಿ ತೀರಿಕೊಂಡ ಅವರು ತಂದೆ ಕೆ. ಹಿರಣ್ಣಯ್ಯನವರ ಮಿತ್ರ ಮಂಡಳಿಯನ್ನು ಮುಂದುವರಿಸಿದವರು. ‘ಲಂಚಾವತಾರ’, ‘ನಡುಬೀದಿ ನಾರಾಯಣ’ ಅವರ ನಾಟಕಗಳು. ‘ಲಂಚಾವತಾರ’ಕ್ಕೆ ಒಂದು ಕಥೆ ಇತ್ತು, ಆದರೆ ಜನ ಬರುತ್ತಿದ್ದದ್ದು ಆ ಕಥೆಗಲ್ಲ. ಹಿರಣ್ಣಯ್ಯನವರು ದೃಶ್ಯದ ಮಧ್ಯೆ ರಂಗದ ಅಂಚಿಗೆ ಬಂದು, ಅಂದಿನ ಪತ್ರಿಕೆಯಲ್ಲಿ ಓದಿದ್ದನ್ನು, ಅಧಿಕಾರದಲ್ಲಿದ್ದವರ ನಡತೆಯನ್ನು ಹಿಡಿದು ನೇರ ಜನರ ಜೊತೆ ಮಾತಿಗೆ ನಿಲ್ಲುತ್ತಿದ್ದರು. ಮುಖ್ಯಮಂತ್ರಿ ಮುಂದಿನ ಸಾಲಿನಲ್ಲಿ ಕೂತಿದ್ದರೂ ಮಾತು ತಗ್ಗುತ್ತಿರಲಿಲ್ಲ. ಇಂದು ನಗರಗಳ ಹುಡುಗ ಹುಡುಗಿಯರು ಮೈಕ್ ಹಿಡಿದು ಒಬ್ಬರೇ ನಿಂತು ಮಾಡುವ ಸ್ಟ್ಯಾಂಡ್‌ಅಪ್ ಕಾಮಿಡಿ ಎಂಬುದನ್ನು ಹಿರಣ್ಣಯ್ಯನವರು ನಾಟಕದ ಹೊಟ್ಟೆಯೊಳಗೇ ದಶಕಗಳ ಕಾಲ ನಡೆಸಿದ್ದರು. ಅತ್ತ ಬೀಚಿಯವರ ಬರಹವನ್ನು ಬಾಯಿಗೆ ತಂದು ವೇದಿಕೆ ಕಟ್ಟಿದ ಗಂಗಾವತಿ ಪ್ರಾಣೇಶ್, ಅವರ ಸಮಕಾಲೀನರಾದ ಕೃಷ್ಣೇಗೌಡ, ರಿಚರ್ಡ್ ಲೂಯಿಸ್, ಸುಧಾ ಬರಗೂರು ಇದನ್ನು ನಾಟಕವಿಲ್ಲದೆಯೂ ನಿಲ್ಲಬಲ್ಲ ಕಲೆಯಾಗಿಸಿದರು. ಗಣೇಶೋತ್ಸವಕ್ಕೆ, ರಾಜ್ಯೋತ್ಸವಕ್ಕೆ ನಗೆಹಬ್ಬ ಇಲ್ಲದ ತಾಲ್ಲೂಕು ಕೇಂದ್ರ ಈಗ ವಿರಳ.

ಲೇಖನಿ ಹಿಡಿದವರ ಕಡೆಯಿಂದ ನೋಡಿದರೂ ಈ ಜಿಲ್ಲೆ ಬಡವಾಗಿಲ್ಲ. ತುಮಕೂರು ತಾಲ್ಲೂಕಿನ ಬೆಳ್ಳಾವೆಯ ನರಹರಿ ಶಾಸ್ತ್ರಿಗಳು ಗುಬ್ಬಿ ಕಂಪನಿಗೆ ನಾಟಕ ಬರೆದವರು. 1934ರಲ್ಲಿ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ ಬಂದಾಗ ಅದರ ಮಾತು, ಹಾಡು ಅವರವೇ. ಕುಣಿಗಲ್ ತನ್ನ ಹೆಸರನ್ನು ಚಿತ್ರರಂಗಕ್ಕೆ ಎರಡು ಸಲ ಕೊಟ್ಟಿದೆ. ಕು.ರ.ಸೀ. ಎಂದೇ ಜನಕ್ಕೆ ಗೊತ್ತಿದ್ದ ಸೀತಾರಾಮ ಶಾಸ್ತ್ರಿಗಳ ಹೆಸರಿನ ಮೊದಲಕ್ಷರ ಕುಣಿಗಲ್ಲಿನದು. ಹಾಡು, ಸಂಭಾಷಣೆ ಬರೆದು, 1958ರ ‘ಅಣ್ಣ ತಂಗಿ’ಯಂಥ ಚಿತ್ರಗಳನ್ನು ನಿರ್ದೇಶಿಸಿದವರು ಅವರು. ಮುಂದಿನ ತಲೆಮಾರಿನಲ್ಲಿ ಕುಣಿಗಲ್ ನಾಗಭೂಷಣ್ ಹಾಸ್ಯಪಾತ್ರ ಮಾಡುತ್ತಲೇ ನಗೆಚಿತ್ರಗಳಿಗೆ ಸಂಭಾಷಣೆ ಬರೆದರು. ತಾನೇ ಆಡಬಲ್ಲವನು ಬರೆದ ಸಂಭಾಷಣೆ ನಟರ ಬಾಯಿಗೆ ಸಲೀಸಾಗಿ ಒಗ್ಗುತ್ತದೆ.

ಇಷ್ಟೆಲ್ಲ ಹೇಳಿದ ಮೇಲೆ, ಇದರಲ್ಲಿ ಉಳಿದಿರುವುದು ಎಷ್ಟು? ತುಮಕೂರಿನಲ್ಲಿ ಗುಬ್ಬಿ ವೀರಣ್ಣ ಕಲಾಕ್ಷೇತ್ರವಿದೆ. ಗುಬ್ಬಿಯಲ್ಲಿ ಅವರ ಹೆಸರಿನ ರಂಗಮಂದಿರವಿದೆ. ರಾಜ್ಯ ಸರ್ಕಾರ ಅವರ ಹೆಸರಿನಲ್ಲಿ ವೃತ್ತಿರಂಗಭೂಮಿಯ ಸಾಧಕರಿಗೆ ಪ್ರಶಸ್ತಿ ಕೊಡುತ್ತದೆ. ಮೊಮ್ಮಗಳು ಬಿ. ಜಯಶ್ರೀ ಅವರು ‘ಸದಾರಮೆ’ಯನ್ನು ಹೊಸ ತಲೆಮಾರಿನ ಮುಂದೆ ತಂದು, ಕಳ್ಳನ ಪಾತ್ರವನ್ನು ತಾವೇ ಮಾಡಿ ಅಜ್ಜನ ವರಸೆಯ ಒಂದಂಶವನ್ನು ಉಳಿಸಿಕೊಟ್ಟರು. ಅದಕ್ಕೆ ನಾವು ಋಣಿಗಳು. ಆದರೂ ಕಟ್ಟಡ, ಪ್ರಶಸ್ತಿಗಳು ಹೆಸರನ್ನು ಉಳಿಸುತ್ತವೆ, ಮಾತನ್ನು ಉಳಿಸುವುದಿಲ್ಲ. ಕಂಪನಿ ನಾಟಕಗಳ ಅಚ್ಚಾದ ಪ್ರತಿಗಳಲ್ಲಿ ರಾಜರ ಮಾತಿದೆ, ಕಂದಪದ್ಯವಿದೆ. ಹಾಸ್ಯದ ಜಾಗದಲ್ಲಿ ಬಹಳ ಸಲ ಒಂದೆರಡು ಸಾಲು ಮಾತ್ರ. ಉಳಿದದ್ದನ್ನು ನಟ ನೋಡಿಕೊಳ್ಳುತ್ತಾನೆ ಎಂದು ಬಿಟ್ಟದ್ದು.

ಇದಕ್ಕೆ ಒಂದು ಆಕ್ಷೇಪ ಬರುತ್ತದೆ. ಆ ದಿನದ ಹಾಸ್ಯ ಆ ದಿನಕ್ಕೆ. ಬರೆದಿಟ್ಟರೆ ಸಪ್ಪೆಯಾಗುತ್ತದೆ, ಆ ಅಮಲ್ದಾರನೂ ಇಲ್ಲ, ಆ ಸಂತೆಯೂ ಇಲ್ಲ ಎಂದು. ಮಾತು ಒಂದು ಮಟ್ಟಿಗೆ ನಿಜ. ಹಾಗಿದ್ದರೆ ಆ ಅಮಲ್ದಾರ ಯಾರು, ಸಂತೆಯಲ್ಲಿ ಏನಾಗಿತ್ತು ಎಂಬುದನ್ನೂ ಸೇರಿಸಿ ಬರೆದಿಡಬೇಕು. ವಚನಕ್ಕೆ ಟಿಪ್ಪಣಿ ಬರೆಯುತ್ತೇವೆ, ಶಾಸನಕ್ಕೆ ಬರೆಯುತ್ತೇವೆ, ನಗೆಗೂ ಬರೆಯಬಹುದು. ಇನ್ನೊಂದು ಆಕ್ಷೇಪ ಇದಕ್ಕಿಂತ ಗಂಭೀರವಾದದ್ದು. ಹಳೆಯ ಕಂಪನಿ ಹಾಸ್ಯದಲ್ಲಿ ಹೆಂಗಸರನ್ನು, ತೊದಲುವವರನ್ನು, ಕೆಳಜಾತಿಯವರೆನಿಸಿಕೊಂಡವರನ್ನು ಹೀಯಾಳಿಸಿದ್ದು ಕಡಿಮೆಯೇನಿಲ್ಲ. ಅದನ್ನು ಮುಚ್ಚಿಟ್ಟು ಒಳ್ಳೆಯದನ್ನು ಮಾತ್ರ ದಾಖಲಿಸುವುದು ಇತಿಹಾಸಕ್ಕೆ ಮಾಡುವ ದ್ರೋಹ. ಇದ್ದದ್ದನ್ನು ಇದ್ದ ಹಾಗೆ ದಾಖಲಿಸಿದರೆ, ಯಾರನ್ನು ನೋಡಿ ಯಾರು ನಗುತ್ತಿದ್ದರು ಎಂಬುದನ್ನು ಮುಂದಿನವರು ತಾವೇ ಓದಿ ತೀರ್ಮಾನಿಸುತ್ತಾರೆ.

ಈ ಕೆಲಸಕ್ಕೆ ದೊಡ್ಡ ಹಣ ಬೇಡ. ವೃತ್ತಿ ಕಂಪನಿಗಳಲ್ಲಿ ಹಾಸ್ಯಪಾತ್ರ ಮಾಡಿದ ಹಿರಿಯರು ತುಮಕೂರು, ತಿಪಟೂರು, ಗುಬ್ಬಿಯ ಕಡೆ ಇನ್ನೂ ಸಿಗುತ್ತಾರೆ. ಅವರಲ್ಲಿ ಕೆಲವರಿಗೆ ಮಾಸಾಶನ ಬರುತ್ತದೆ, ಕೆಲವರಿಗೆ ಅದೂ ಇಲ್ಲ. ತುಮಕೂರು ವಿಶ್ವವಿದ್ಯಾನಿಲಯದ ಕನ್ನಡ ವಿದ್ಯಾರ್ಥಿಗಳು ಕೈಯಲ್ಲಿರುವ ಫೋನನ್ನೇ ಎದುರಿಗಿಟ್ಟು ಅವರಿಂದ ಒಂದೊಂದು ಪ್ರಸಂಗ ಹೇಳಿಸಬಹುದು. ಬರೀ ಹೇಳಿಸಿದರೆ ಸಾಲದು. ಎದುರು ಪಾತ್ರಕ್ಕೆ ಯಾರನ್ನಾದರೂ ನಿಲ್ಲಿಸಿ ಆಡಿಸಬೇಕು, ಯಾಕೆಂದರೆ ಆ ಮಾತುಗಳು ನೆನಪಿಗೆ ಬರುವುದು ದೇಹ ಎದ್ದು ನಿಂತಾಗ. ಮೂಲ ನಾಟಕದಲ್ಲಿ ಎಷ್ಟಿತ್ತು, ತಾವು ಸೇರಿಸಿದ್ದೆಷ್ಟು, ಅದು ಯಾವ ಊರಿನ ಕ್ಯಾಂಪಿನಲ್ಲಿ ಹುಟ್ಟಿತು ಎಂದು ಕೇಳಿ ಬರೆದುಕೊಳ್ಳಬೇಕು. ಅದನ್ನು ಪುಸ್ತಕ ಮಾಡುವಾಗ ಲೇಖಕರ ಹೆಸರಿನ ಜಾಗದಲ್ಲಿ ಆ ನಟನ ಹೆಸರನ್ನೇ ಅಚ್ಚು ಹಾಕಬೇಕು. ಸಂಗ್ರಹಿಸಿದವರ ಹೆಸರು ಅದರ ಕೆಳಗೆ ಬರಲಿ.